ಎಣಿಕೆ

ಶಾಲೆಗೆ ಹೋಗುವ ಮೊದಲೇ
ನನಗೆ ಲೆಕ್ಕ ಹೇಳಿಕೊಟ್ಟವಳು ಅಜ್ಜಿ ರೊಜಾಲಿಯಾ,
ಟಿಸಾ ನದಿಯ ಬಯಲಿನ ಆ ಹಳ್ಳಿಯಲ್ಲಿ
ಹಿತ್ತಲ ಕೋಳಿಗಳನ್ನು ಮುಂದಿಟ್ಟುಕೊಂಡು.

ಚಾಕು ಮಸೆಯುವ ದೆಜೋ
ಸಾಣೆಯ ಗಾಡಿ ತಳ್ಳಿಕೊಂಡು ತಿರುವಿನಲ್ಲಿ ಕಂಡರೆ ಸಾಕು,
ಅಜ್ಜಿಯ ಬೆರಳು ತಾನಾಗಿ ಏಳುತ್ತಿತ್ತು:
ಒಂದು, ಎರಡು, ಬಿಳಿಯದು ಮೂರು,
ಕುಂಟಿ ನಾಲ್ಕು...
ಹದಿನಾಲ್ಕು.
ಅವನು ಹೋದ ಮೇಲೆ ಮತ್ತೆ
ಹದಿನಾಲ್ಕು.
‘ಯಾಕಜ್ಜೀ?’ ಎಂದರೆ
‘ಅವರು ಜಿಪ್ಸಿಗಳು ಮಗೂ.’
ಆ ಮಾತು ಉತ್ತರದ ಹಾಗೇ ಕೇಳಿಸುತ್ತಿತ್ತು.

ಅಂಚೆಯವನು ಬಂದಾಗ ಎಣಿಸುತ್ತಿರಲಿಲ್ಲ.
ಪಾದ್ರಿ ಬಂದಾಗಲೂ ಇಲ್ಲ.
ಸೋದರಮಾವ ಗೇಜಾ ಬುಟ್ಟಿ ತುಂಬ ಮೊಟ್ಟೆ ಕದ್ದು
ಮಾರಿ ಕುಡಿದು ಬಂದ ದಿನ
‘ಪಾಪ, ಅವನ ಹಣೆಬರಹ’ ಎಂದಳು;
ಸೋದರಮಾವಂದಿರೆಲ್ಲ ಹೀಗೆಯೇ ಎನ್ನಲಿಲ್ಲ.

ಅಜ್ಜಿ ಕೆಟ್ಟವಳಲ್ಲ. ಇದನ್ನು ಹೇಳದೆ ಮುಂದೆ ಹೋಗಲಾರೆ.
ಹಿಮದ ರಾತ್ರಿ ಹಸು ಈಯುವಾಗ
ತನ್ನ ಕಂಬಳಿಯನ್ನು ಅದಕ್ಕೆ ಹೊದಿಸಿ ನಡುಗುತ್ತ ಕೂತವಳು.
ಯುದ್ಧದಲ್ಲಿ ಎರಡು ಸಲ ಮನೆ ಬಿಟ್ಟು ಓಡಿ
ಎರಡು ಸಲವೂ ಮುರಿದ ಬಾಗಿಲಿಗೆ ಮರಳಿದವಳು.
ಮುರಿದವರು ಸಮವಸ್ತ್ರ ತೊಟ್ಟವರು,
ಹೆಸರು ಹಿಡಿದು ಬೈಯುವಂತಿರಲಿಲ್ಲ.
ಹೆದರಿಕೆಗೂ ಕೂರಲು ಒಂದು ಮಣೆ ಬೇಕು;
ದೊಡ್ಡವರ ಜಗಲಿಯಲ್ಲಿ ಜಾಗ ಸಿಗದೆ
ಅದು ದೆಜೋನ ಹೆಗಲೇರಿ ಕೂತಿತು.
ಇರಬಹುದು. ಇದು ನಾನು ಆಮೇಲೆ ಕಟ್ಟಿಕೊಂಡ ಕಾರಣ.
ಅವಳಿಗೂ ಒಬ್ಬ ಅಜ್ಜಿ ಇದ್ದಳು.
ಆ ಅಜ್ಜಿಗೂ ಕೋಳಿಗಳಿದ್ದವು.

ಒಂದು ಬೇಸಿಗೆ ಎಣಿಕೆ ಹದಿಮೂರಕ್ಕೆ ನಿಂತಿತು.
ಚುಕ್ಕೆ ಕೋಳಿ ಇಲ್ಲ.
ಅವನೇ ಎಂದು ಎಣಿಸಿದಳು,
ಎಣಿಸುವುದರಲ್ಲಿ ಅವಳ ಕೈ ಪಳಗಿತ್ತು.
ಅಜ್ಜಿಯ ಮುಖದಲ್ಲಿ ಸಿಟ್ಟಿತ್ತು. ಅದರ ಅಡಿಯಲ್ಲಿ,
ಹೇಗೆ ಹೇಳಲಿ, ನೆಮ್ಮದಿ;
ಮೂವತ್ತು ವರ್ಷ ಕಾದ ಕಾಗದ ಕೈಸೇರಿದಂಥದ್ದು.

ಆ ಮೂವತ್ತು ವರ್ಷ ಲೆಕ್ಕ ತಪ್ಪದೇ ಇದ್ದದ್ದನ್ನು
ಯಾರೂ ಬರೆದಿಟ್ಟಿರಲಿಲ್ಲ.
ತಪ್ಪಿದ ಒಂದು ಮಾತ್ರ
ಬಾವಿಕಟ್ಟೆ, ಬೇಕರಿ, ಇಗರ್ಜಿಯ ಮೆಟ್ಟಿಲು ದಾಟಿ
ಸಂಜೆಯೊಳಗೆ ಊರೆಲ್ಲ ಸುತ್ತಿ ಬಂತು.
ಬರುವಷ್ಟರಲ್ಲಿ ಮೂರು ಕೋಳಿ, ಒಂದು ಹೆಬ್ಬಾತು ಆಗಿತ್ತು.

ದೆಜೋನ ಸಾಣೆಕಲ್ಲನ್ನು ಹೊಳೆಗೆ ಉರುಳಿಸಿದವರಲ್ಲಿ
ನಮ್ಮ ಮನೆಯವರಿರಲಿಲ್ಲ.
ನಮ್ಮ ಮನೆಯವರು ಕಿಟಕಿಯಲ್ಲಿದ್ದರು.
ನಾನು ಕುರ್ಚಿ ಹತ್ತಿ ನೋಡುತ್ತಿದ್ದೆ.
ಅವನು ಟೊಪ್ಪಿ ತೆಗೆದು ಕೈಯಲ್ಲಿ ಹಿಡಿದಿದ್ದ,
ಯಾಕೆಂದು ಇವತ್ತಿಗೂ ತಿಳಿಯದು.

ಇಪ್ಪತ್ತೊಂದನೆಯ ದಿನವೋ ಇಪ್ಪತ್ತೆರಡೋ,
ಹುಲ್ಲುಬಣವೆಯ ಸಂದಿಯಿಂದ ಚುಕ್ಕೆ ಕೋಳಿ ಬಂತು,
ಹನ್ನೊಂದು ಮರಿ ಬೆನ್ನಿಗೆ ಹಾಕಿಕೊಂಡು
ಲೊಕ್ಕ ಲೊಕ್ಕ ಎನ್ನುತ್ತ,
ಏನೂ ಆಗದವಳ ಹಾಗೆ.

ಅಜ್ಜಿ ಬಾಗಿಲಲ್ಲಿ ನಿಂತಳು.
ಬೆರಳು ಎದ್ದಿತು.
ಇಪ್ಪತ್ತೈದು.
‘ಈ ವರ್ಷ ದೇವರು ಕಣ್ಣುಬಿಟ್ಟ’ ಎಂದು ಒಳಗೆ ಹೋದಳು.
ಬಾವಿಕಟ್ಟೆಗೆ ಹೋಗಲಿಲ್ಲ.
ಈ ಸುದ್ದಿಗೆ ಕಾಲಿರಲಿಲ್ಲ.

ಈಗ ನಾನು ಡೆಬ್ರೆಸೆನ್ನಿನಲ್ಲಿ ಗಣಿತದ ಮೇಷ್ಟ್ರು.
ಒಂದು ಕೋಳಿಯಿಂದ ಒಂದು ಕುಲವನ್ನು ಗುಣಿಸಬಾರದೆಂದು ಬಲ್ಲೆ.
ಪೂರ್ವಗ್ರಹ ಎಂಬ ಪದವನ್ನು ಹಲಗೆಯ ಮೇಲೆ ಬರೆದು
ಅಡಿಗೆರೆ ಎಳೆದಿದ್ದೇನೆ, ಅಳತೆಪಟ್ಟಿ ಇಟ್ಟು.

ನಿನ್ನೆ ಟ್ರಾಮಿನಲ್ಲಿ
ಟೊಪ್ಪಿ ಕೈಯಲ್ಲಿ ಹಿಡಿದ ಮುದುಕನೊಬ್ಬ ಪಕ್ಕದಲ್ಲಿ ಕೂತ.
ಕಪ್ಪು ಮೈ, ದಪ್ಪ ಮೀಸೆ.
ನಾನು ಮಾರ್ಕ್ಸು ಕೂಡುವುದು ಬಾಕಿಯಿದೆಯಲ್ಲ
ಎಂದುಕೊಳ್ಳುತ್ತಿದ್ದೆ.
ಕೈ ಮಾತ್ರ ನನ್ನನ್ನು ಕೇಳದೆ
ಚೀಲದ ಜಿಪ್ಪಿನ ಮೇಲೆ ಹೋಗಿ ಕೂತಿತ್ತು.
ಅವನು ಅದನ್ನು ನೋಡಿದ.
ಎಷ್ಟೋ ಸಲ ನೋಡಿದವನ ಹಾಗೆ ನೋಡಿ
ಮುಖವನ್ನು ಕಿಟಕಿಗೆ ತಿರುಗಿಸಿದ.

ಕೈ ತೆಗೆಯಬೇಕೆಂದಿದ್ದೆ,
ಅಷ್ಟರಲ್ಲಿ ಅವನ ನಿಲ್ದಾಣ ಬಂತು.
ಇಳಿದು ಹೋದ ಮೇಲೆ ಚೀಲ ತೆರೆದೆ.
ನಾಚಿಕೆಯಾಯಿತು, ಆದರೂ ತೆರೆದೆ:
ಚಿಲ್ಲರೆ, ಬೀಗದಕೈ, ಕನ್ನಡಕ,
ಮಕ್ಕಳ ಉತ್ತರಪತ್ರಿಕೆ.

ಎಲ್ಲವೂ ಇತ್ತು.
ಬರೆದಿಡುತ್ತಿದ್ದೇನೆ:
ಎಲ್ಲವೂ ಇತ್ತು.